ಅಮ್ಮ ದಿನಾ ಸಂಜೆ "ಮನೆಗೆ ಹೋಗೋಣ" ಅನ್ನುತ್ತಾಳೆ. ಆ ಮನೆ ನೀರಿನಡಿ ಇದೆ

ಹಿನ್ನೀರ ದಂಡೆ

ನನಗೆ ಈಗ 68 ವರ್ಷ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟೆಯಲ್ಲಿ ನೀರು ನಿಂತಾಗ ಏಳು ವರ್ಷದ ಹುಡುಗ. ಸಾಗರ ತಾಲ್ಲೂಕಿನ ಶರಾವತಿ ಕಣಿವೆಯಲ್ಲಿ ನಮ್ಮೂರಿತ್ತು. ಊರಿನ ಹೆಸರು ಇಲ್ಲಿ ಹಾಕುವುದಿಲ್ಲ, ಮನೆಯವರು ಬೇಡ ಅಂದಿದ್ದಾರೆ.

ಮನೆ ಬಿಟ್ಟ ದಿನ ಚೆನ್ನಾಗಿ ನೆನಪಿದೆ. ಅಪ್ಪ ಮೊದಲು ಹೆಂಚು ಇಳಿಸಿದರು. ಆಮೇಲೆ ಪಕಾಸು, ತೊಲೆ, ಕಂಬ, ಕೊನೆಗೆ ಬಾಗಿಲು. ಎಲ್ಲ ಲಾರಿಗೆ ಹೋಯಿತು. ಮಣ್ಣಿನ ಗೋಡೆಗಳು ಮಾತ್ರ ನಿಂತಿದ್ದವು. ದೇವರ ಕೋಣೆಯೊಳಗೆ ಬಿಸಿಲು ಬಿದ್ದಿತ್ತು. ಅಲ್ಲಿ ಬಿಸಿಲು ಬಿದ್ದದ್ದನ್ನು ನಾನು ಅದೇ ಮೊದಲು ನೋಡಿದ್ದು. ಕಾಡು ಸವರಿ ಕೊಟ್ಟ ಹೊಸ ಜಾಗದಲ್ಲಿ ಅದೇ ಬಾಗಿಲು, ಅದೇ ಕಂಬ ಇಟ್ಟು ಅಪ್ಪ ಮನೆ ಕಟ್ಟಿದರು. ಆದರೂ ಎಷ್ಟೋ ತಿಂಗಳು ರಾತ್ರಿ ನಿದ್ದೆ ಬರುತ್ತಿರಲಿಲ್ಲ. ಕಿವಿ ಹೊಳೆಯ ಸದ್ದನ್ನು ಹುಡುಕುತ್ತಿತ್ತು.

ಈಗ ಬರೆಯುತ್ತಿರುವುದು ಅಮ್ಮನ ಬಗ್ಗೆ. ಅವಳಿಗೆ 87. ಎರಡು ವರ್ಷದಿಂದ ಮರೆವು ಜಾಸ್ತಿಯಾಗಿದೆ. ಬೆಳಿಗ್ಗೆ ಚೆನ್ನಾಗಿಯೇ ಇರುತ್ತಾಳೆ. ಸಂಜೆ ಆಗುತ್ತಿದ್ದಂತೆ ಎರಡು ಸೀರೆ, ಒಂದು ಟವೆಲ್ ಸೇರಿಸಿ ಗಂಟು ಕಟ್ಟುತ್ತಾಳೆ. "ಮನೆಗೆ ಹೋಗೋಣ ಬಾ, ದೀಪ ಹಚ್ಚೋ ಹೊತ್ತಾಯ್ತು" ಅನ್ನುತ್ತಾಳೆ. "ಇದೇ ಮನೆ ಅಮ್ಮ" ಅಂದರೆ ನನ್ನ ಮುಖವನ್ನೇ ನೋಡುತ್ತಾಳೆ. ಒಂದು ದಿನ ತಡೆಯಲಾಗದೆ "ಆ ಮನೆ ಮುಳುಗಿ ಅರವತ್ತು ವರ್ಷ ಆಯ್ತಲ್ಲಮ್ಮ" ಅಂದುಬಿಟ್ಟೆ. ಆಗ ತಾನೇ ಸುದ್ದಿ ಕೇಳಿದವಳಂತೆ ಅತ್ತಳು. ಮರುದಿನ ಸಂಜೆ ಮತ್ತೆ ಗಂಟು ಕಟ್ಟಿದಳು.

ಮುಳುಗಡೆಯವರು, ಮನೆ ಬಿಟ್ಟು ಬಂದವರು ಇಲ್ಲಿ ಬಹಳ ಜನ ಇದ್ದೀರಿ. ನಿಮ್ಮ ಮನೆಯ ಹಿರಿಯರಿಗೆ ಹೀಗಾಗಿತ್ತಾ? ನೀವು ಏನು ಮಾಡಿದಿರಿ?

ಬಿಳಿ ಕೊಡೆ

ಸರ್, ನಾನು ವಯಸ್ಸಾದವರ ಆರೈಕೆ ಮಾಡುವ ನರ್ಸ್. ಮರೆವಿನ ಕಾಯಿಲೆ ಇರುವವರು ಸಂಜೆ ಹೊತ್ತು "ಮನೆಗೆ ಹೋಗಬೇಕು" ಅನ್ನುವುದು ತುಂಬ ಸಾಮಾನ್ಯ. ಹುಟ್ಟಿದ ಮನೆಯಲ್ಲೇ ಇರುವವರೂ ಹಾಗೆ ಅನ್ನುತ್ತಾರೆ. ಹೊಸ ನೆನಪು ಮೊದಲು ಹೋಗುತ್ತದೆ, ಹಳೆಯದು ಕೊನೆಯವರೆಗೆ ನಿಲ್ಲುತ್ತದೆ. ಇದನ್ನು ಫ್ರಾನ್ಸ್‌ನ ಮನಶ್ಶಾಸ್ತ್ರಜ್ಞ ತೆಯೊಡುಲ್ ರಿಬೊ 1881ರಲ್ಲೇ ಬರೆದಿಟ್ಟಿದ್ದಾರೆ. ನಿಮ್ಮ ಅಮ್ಮನ ಲೆಕ್ಕದಲ್ಲಿ ಈಗಿನ ಮನೆಯೇ ಹೊಸದು, ಹಳೆಯದೇ ಗಟ್ಟಿ.

ಮೊದಲು ಡಾಕ್ಟರ್ ಹತ್ತಿರ ತೋರಿಸಿ. ಬಿ12 ಕಡಿಮೆಯಾದರೆ, ಥೈರಾಯ್ಡ್ ಏರುಪೇರಾದರೆ, ಮೂತ್ರದ ಸೋಂಕಾದರೆ ಗೊಂದಲ ಹೆಚ್ಚುತ್ತದೆ. ಅವಕ್ಕೆ ಔಷಧಿ ಇದೆ. ಸಂಜೆ ಕತ್ತಲಾಗುವ ಮೊದಲೇ ಮನೆಯ ದೀಪ ಹಾಕಿಬಿಡಿ. ಹಸಿವೋ, ನೋವೋ, ಬಚ್ಚಲಿಗೆ ಹೋಗಬೇಕೋ ನೋಡಿ. ಹೇಳಲು ಆಗದ್ದನ್ನೆಲ್ಲ ಅವರು "ಮನೆ" ಅನ್ನುವ ಒಂದೇ ಮಾತಿನಲ್ಲಿ ಹೇಳುತ್ತಿರಬಹುದು.

ಮುಳುಗಿತು ಅಂತ ಮಾತ್ರ ಮತ್ತೆ ಹೇಳಬೇಡಿ. ನೀವು ಒಂದು ಸಲ ಹೇಳಿದ್ದೀರಿ ಅಂದುಕೊಳ್ಳುತ್ತೀರಿ, ಅವರು ಪ್ರತಿ ಸಲವೂ ಹೊಸದಾಗಿ ಕಳೆದುಕೊಳ್ಳುತ್ತಾರೆ. ಅದರ ಬದಲು "ಮನೇಲಿ ಏನೇನಿದೆ ಅಮ್ಮ?" ಅಂತ ಕೇಳಿ. ಇನ್ನೊಂದು ಮಾತು. ಅವರು ಹೇಳುತ್ತಿರುವುದು ಯಾವ ಮನೆ ಅಂತ ಕೇಳಿದ್ದೀರಾ?

ಹಿನ್ನೀರ ದಂಡೆ

ಬಹಳ ಉಪಕಾರ ತಾಯಿ. ಡಾಕ್ಟರ್ ಹತ್ತಿರ ಈ ವಾರವೇ ಹೋಗುತ್ತೇವೆ. ಯಾವ ಮನೆ ಅಂತ ಕೇಳಿಲ್ಲ. ನಮ್ಮ ಮುಳುಗಿದ ಮನೆಯೇ ಇರಬೇಕು, ಬೇರೆ ಯಾವುದು?

ಸೋಗೆಮನೆ

ನಾನು ತುಮರಿ ಕಡೆಯವನು. ನಿಮ್ಮದು ಬಿಟ್ಟುಹೋದವರ ಕಥೆ, ನಮ್ಮದು ಉಳಿದವರ ಕಥೆ. ಕರೂರು-ಬಾರಂಗಿ ಹೋಬಳಿಯ ನಮ್ಮ ಮನೆ ಎತ್ತರದಲ್ಲಿತ್ತು, ಹಾಗಾಗಿ ಉಳಿಯಿತು. ಕೆಳಗಿನ ಗದ್ದೆ ಹೋಯಿತು. ಸಾಗರಕ್ಕೆ ಹೋಗುವ ದಾರಿ ಹೋಯಿತು. ಅಕ್ಕಪಕ್ಕದ ಮನೆಯವರು ಹೋದರು. ನನ್ನ ಅಜ್ಜಿ ಹೇಳುತ್ತಿದ್ದಳು, ದಿನಾ ಸಂಜೆ ಆಚೆ ಗುಡ್ಡದ ಬುಡದಲ್ಲಿ ಏಳೆಂಟು ದೀಪ ಕಾಣುತ್ತಿತ್ತಂತೆ. ಆ ವರ್ಷದಿಂದ ಒಂದೂ ಕಾಣಲಿಲ್ಲ. ಮನೆ ಇದ್ದಲ್ಲೇ ಇದ್ದರೂ ಊರು ಹೋಗುತ್ತದೆ.

ಆಮೇಲೆ ನಮ್ಮ ಬದುಕೆಲ್ಲ ಲಾಂಚಿನ ಹೊತ್ತಿಗೆ ಕಟ್ಟಿಹಾಕಿದಂತಾಯಿತು. ಹೆರಿಗೆ ನೋವು ಬಂದರೂ ಲಾಂಚ್ ಬರಬೇಕು. ಅಂಬಾರಗೋಡ್ಲು-ಕಳಸವಳ್ಳಿ ಸೇತುವೆ ಆದದ್ದು 2025ರ ಜುಲೈ 14ರಂದು. ನಡುವೆ 60 ವರ್ಷ. ನೀರು ನಮ್ಮ ಅಂಗಳದ ಕೆಳಗೇ ಇತ್ತು. ಅದೇ ನೀರಿನಿಂದ ನಾಡಿಗೆಲ್ಲ ಕರೆಂಟು ಹೋಯಿತು. ನಾನು ಓದಿದ್ದು ಮಾತ್ರ ಚಿಮಣಿ ಬುಡ್ಡಿಯ ಬೆಳಕಿನಲ್ಲಿ.

ಮಳೆ ಕಡಿಮೆಯಾದ ವರ್ಷ, ಮೇ ತಿಂಗಳ ಕೊನೆಗೆ, ನೀರು ಬಹಳ ಇಳಿಯುತ್ತದೆ. ಆಗ ಹಳೆಯ ಹಿರೇಭಾಸ್ಕರ ಅಣೆಕಟ್ಟು ಮೇಲೆ ಬರುತ್ತದೆ. ನಾವು ಮಡೆನೂರು ಡ್ಯಾಂ ಅನ್ನುತ್ತೇವೆ. ಜನ ಅದನ್ನು ನೋಡಲು ಬರುತ್ತಾರೆ, ಫೋಟೋ ತೆಗೆಯುತ್ತಾರೆ. ನಮ್ಮ ಅಪ್ಪ ಅಣೆಕಟ್ಟೆಯ ಕಡೆ ನೋಡುತ್ತಲೇ ಇರಲಿಲ್ಲ. ಸುತ್ತಲಿನ ಕೆಸರಿನಲ್ಲಿ ನಿಂತ ಮರದ ಬುಡಗಳನ್ನು ತೋರಿಸಿ "ಇದು ಇಂಥವರ ಕಣ, ಇದು ಇಂಥವರ ಹಿತ್ತಿಲು" ಅನ್ನುತ್ತಿದ್ದರು. ನನಗೆ ಬುಡ ಮಾತ್ರ ಕಾಣುತ್ತಿತ್ತು. ಅವರಿಗೆ ಮನೆಯೇ ಕಾಣುತ್ತಿತ್ತು.

ಅಮ್ಮನನ್ನು ಅಲ್ಲಿಗೆ ಕರೆದುಕೊಂಡು ಬರುವ ಯೋಚನೆ ಇದ್ದರೆ ಬೇಡ. ಹೂಳಿನಲ್ಲಿ ಕಾಲು ಹೂತುಕೊಳ್ಳುತ್ತದೆ. ದಂಡೆಯಲ್ಲೇ ನಿಂತು ನೋಡಬಹುದು, ಅಷ್ಟೇ.

ನೇರಮಾತು

ಯಾರಿಗೂ ಬೇಸರ ಮಾಡುವ ಉದ್ದೇಶವಿಲ್ಲ. ನಮ್ಮ ಮನೆ ಮುಳುಗಲಿಲ್ಲ, ಪಾಲಾಯಿತು. ಚಿಕ್ಕಪ್ಪಂದಿರ ಜಗಳದಲ್ಲಿ ನಡುಮನೆಗೆ ಅಡ್ಡ ಗೋಡೆ ಬಂತು. ಕೊನೆಗೆ ಮಾರಿದರು. ಕೊಂಡವರು ಕೆಡವಿದರು. ನಾನು ಆ ಬೀದಿಗೇ ಹೋಗುವುದಿಲ್ಲ. ಹೋಗದೇ ಇದ್ದದ್ದರಿಂದಲೇ ನೆಮ್ಮದಿಯಾಗಿ ಬದುಕಿದ್ದೇನೆ. ಈಗಿನ ಕಾಲದಲ್ಲಿ ಹುಟ್ಟಿದ ಮನೆಯಲ್ಲೇ ಇರುವವರು ಯಾರಿದ್ದಾರೆ ಹೇಳಿ? ನೆನಪು ಕೆದಕಿದಷ್ಟೂ ನೋವು. ಅಮ್ಮನ ಗಮನ ಬೇರೆ ಕಡೆ ತಿರುಗಿಸಿ. ಟಿವಿ ಹಾಕಿ, ಮೊಮ್ಮಕ್ಕಳನ್ನು ಪಕ್ಕದಲ್ಲಿ ಕೂರಿಸಿ.

ಅಗಸಿಬಾಗಿಲು

ನೇರಮಾತು ಅಣ್ಣಾ, ನಿಮ್ಮ ನೋವು ಸಣ್ಣದಲ್ಲ. ಆದರೆ ಎರಡೂ ಒಂದೇ ಅಲ್ಲ. ನೀವು ಬೇಡ ಅಂತ ಆ ಬೀದಿಗೆ ಹೋಗುತ್ತಿಲ್ಲ. ನಮಗೆ ಹೋಗಲು ಬೀದಿಯೇ ಇಲ್ಲ.

ನಾನು ಬಾಗಲಕೋಟೆಯವನು. ನಮ್ಮಲ್ಲಿ ನೀರು ಒಂದೇ ಸಲ ಬರಲಿಲ್ಲ. ಮೊದಲು ಬಂದದ್ದು "ಮೀಟರ್" ಅನ್ನುವ ಶಬ್ದ. ಆಲಮಟ್ಟಿ ಅಣೆಕಟ್ಟೆಯಲ್ಲಿ 519.60 ಮೀಟರ್‌ವರೆಗೆ ನೀರು ನಿಂತರೆ ಯಾರ ಮನೆ, 524.256ಕ್ಕೆ ಏರಿದರೆ ಯಾರ ಮನೆ ಅಂತ ಕಟ್ಟೆ ಮೇಲೆ ಕೂತ ಮುದುಕರೂ ಲೆಕ್ಕ ಹಾಕುತ್ತಿದ್ದರು. ಒಂದು ದಿನ ಅಳತೆಯವರು ಬಂದು ನಮ್ಮ ಬಾಗಿಲ ಮೇಲೆ ಕೆಂಪು ಬಣ್ಣದಲ್ಲಿ ನಂಬರ್ ಬರೆದರು. ಅಜ್ಜಿ ಒದ್ದೆ ಬಟ್ಟೆ ತಗೊಂಡು ಒರೆಸಿದಳು. ಮತ್ತೆ ಬಂದು ಬರೆದರು.

ಆ ನಂಬರ್ ಬಿದ್ದ ಮೇಲೆ ಎಷ್ಟೋ ವರ್ಷ ಅದೇ ಮನೆಯಲ್ಲಿದ್ದೆವು. ಅದನ್ನು ಹೇಗೆ ಹೇಳಲಿ? ಮಾಳಿಗೆ ಸೋರಿದರೆ ಮಣ್ಣು ಹಾಕಲಿಲ್ಲ, ಹೇಗೂ ಹೋಗುವ ಮನೆ ಅಂತ. ಯುಗಾದಿಗೆ ಸುಣ್ಣ ಬಳಿಯಲಿಲ್ಲ. ಕಾಳು ತುಂಬಿಡುವ ಹಗೇವು ಖಾಲಿ ಬಿಟ್ಟೆವು. ನೀರು ಬರುವ ಮುಂಚೆಯೇ ಮನೆ ಸಾಯಲು ಶುರುವಾಗಿತ್ತು. ಅಜ್ಜಿ ಒಬ್ಬಳೇ ದಿನಾ ಕಟ್ಟೆ ಸಾರಿಸುತ್ತಿದ್ದಳು.

ನವನಗರಕ್ಕೆ ಬಂದೆವು. ದೊಡ್ಡ ರಸ್ತೆ, ಒಳ್ಳೆಯ ಗಾಳಿ, ನಲ್ಲಿ ನೀರು. ಮಕ್ಕಳ ಓದಿಗೆ ಅನುಕೂಲವಾಯಿತು, ಅದನ್ನು ಇಲ್ಲ ಅನ್ನುವುದಿಲ್ಲ. ಆದರೆ ಓಣಿಗೆ ಹೆಸರಿತ್ತು, ಸೆಕ್ಟರಿಗೆ ನಂಬರ್ ಇದೆ. ಓಣಿಯವರೆಲ್ಲ ಬೇರೆ ಬೇರೆ ಸೆಕ್ಟರಿಗೆ ಚದುರಿದರು. ಅಜ್ಜಿ ಗೆಳತಿಯ ಮನೆ ಹುಡುಕಿಕೊಂಡು ಹೋಗಿ ದಾರಿ ತಪ್ಪಿದಳು. ಎಲ್ಲ ಮನೆ ಒಂದೇ ಥರ, ಎಲ್ಲ ಮೂಲೆ ಒಂದೇ ಥರ. ಅವಳಿಗೆ ಮರೆವು ಇರಲಿಲ್ಲ. ಗುರುತಿಗೆ ಒಂದು ಬೇವಿನ ಮರವೂ ಇರಲಿಲ್ಲ, ಅಷ್ಟೇ.

ಬಿಳಿ ಕೊಡೆ

ನೇರಮಾತು ಅವರೇ, ಗಮನ ತಿರುಗಿಸುವುದು ಒಂದೊಂದು ಸಲ ಕೆಲಸ ಮಾಡುತ್ತದೆ. ನಾವೂ ಮಾಡುತ್ತೇವೆ. ಆದರೆ ಯಾವಾಗಲೂ ಅದನ್ನೇ ಮಾಡಿದರೆ ಅವರ ಮಾತು ಯಾರಿಗೂ ಬೇಡವಾಯಿತು ಅಂತ ಅವರಿಗೆ ಗೊತ್ತಾಗುತ್ತದೆ.

ಮನೆಯ ಹಂಬಲವನ್ನು ಒಂದು ಕಾಲಕ್ಕೆ ಕಾಯಿಲೆ ಅಂತಲೇ ಎಣಿಸುತ್ತಿದ್ದರು. 1688ರಲ್ಲಿ ಯೋಹಾನೆಸ್ ಹೋಫರ್ ಅನ್ನುವವರು ವೈದ್ಯ ಪದವಿಗೆ ಬರೆದ ಪ್ರಬಂಧದಲ್ಲಿ ಅದಕ್ಕೆ ನಾಸ್ಟಾಲ್ಜಿಯಾ ಅಂತ ಹೆಸರಿಟ್ಟರು. ದೂರ ಹೋದ ಸ್ವಿಸ್ ಯುವಕರು ಊಟ ನಿದ್ದೆ ಬಿಟ್ಟು ಸೊರಗುವುದನ್ನು ನೋಡಿ ಬರೆದದ್ದು. ಅವರು ಹೇಳಿದ ಮುಖ್ಯ ಮದ್ದು, ಊರಿಗೆ ವಾಪಸ್ ಕಳಿಸುವುದು. ಈ ಅಮ್ಮನಿಗೆ ಆ ಮದ್ದು ಸಿಗುವಂತಿಲ್ಲ. ಅದಕ್ಕೇ ಮಾತಿನಲ್ಲಾದರೂ ಹೋಗಿಬರಲಿ ಅನ್ನುತ್ತೇನೆ.

ಸರಪಳಿ

ನಾನು ಭೂಮಾಪನದಲ್ಲಿದ್ದು ನಿವೃತ್ತನಾದವನು. ನಾನು ಕೆಲಸಕ್ಕೆ ಸೇರಿದಾಗ 33 ಅಡಿಯ ಸರಪಳಿ ಹಿಡಿದೇ ಅಳೆಯುತ್ತಿದ್ದೆವು. ಒಂದು ಸರಪಳಿ ಉದ್ದ, ಒಂದು ಸರಪಳಿ ಅಗಲ ಅಂದರೆ ಒಂದು ಗುಂಟೆ. ಹಿನ್ನೀರ ದಂಡೆಯವರೇ, ನೀವು ಮನೆಯ ನಕ್ಷೆ ಬರೆಯಿರಿ. ಈಗಲೇ, ಅಮ್ಮ ಇರುವಾಗಲೇ.

ಕನ್ನಂಬಾಡಿಯ ವೇಣುಗೋಪಾಲಸ್ವಾಮಿ ದೇವಸ್ಥಾನ ಕೆಆರ್‌ಎಸ್ ನೀರಿನಲ್ಲಿ ಮುಳುಗಿತ್ತಲ್ಲ, ಅದನ್ನು ಒಂದೊಂದು ಕಲ್ಲಿಗೂ ಗುರುತು ಹಾಕಿ, ಬಿಚ್ಚಿ, ಹೊಸ ಕನ್ನಂಬಾಡಿಯಲ್ಲಿ ಮತ್ತೆ ಕಟ್ಟಿದರು. ಮಣ್ಣಿನ ಮನೆಗೆ ಹಾಗೆ ಮಾಡಲು ಆಗುವುದಿಲ್ಲ. ಆದರೆ ಗುರುತು ಹಾಕುವ ಕೆಲಸವನ್ನಾದರೂ ಮಾಡಬಹುದು.

ಹೇಗೆ ಅಂದರೆ, ಮನೆ ಎಷ್ಟು ಉದ್ದ ಇತ್ತು ಅಂತ ಕೇಳಬೇಡಿ. ಯಾರಿಗೂ ಗೊತ್ತಿರುವುದಿಲ್ಲ. ಮಾತಿನಲ್ಲೇ ನಡೆಸಿಕೊಂಡು ಹೋಗಿ. "ದಣಪೆ ದಾಟಿದೆವು ಅಮ್ಮ, ಈಗ ಯಾವ ಕಡೆ ತಿರುಗಬೇಕು?" ಅಂತ ಕೇಳಿ. ಕಾಲಿಗೆ ನೆನಪಿರುವುದು ಬಾಯಿಗೆ ಬರುತ್ತದೆ. ಜಗಲಿಯಲ್ಲಿ ಎಷ್ಟು ಕಂಬ ಇತ್ತು? ಹಬ್ಬದಲ್ಲಿ ಪಡಸಾಲೆಯ ಒಂದು ಪಂಕ್ತಿಗೆ ಎಷ್ಟು ಎಲೆ ಹಾಕುತ್ತಿದ್ದರು? ಒಂದು ಎಲೆಗೆ ಎರಡು ಅಡಿ ಅಂತ ಹಿಡಿದರೆ ಪಡಸಾಲೆಯ ಉದ್ದ ಸಿಕ್ಕಿತು. ಕೊಟ್ಟಿಗೆಯಲ್ಲಿ ಎಷ್ಟು ದನ ಕಟ್ಟುತ್ತಿದ್ದರು? ಬಚ್ಚಲ ಒಲೆಯ ಹೊಗೆ ಯಾವ ಕಡೆ ಹೋಗುತ್ತಿತ್ತು? ಬೆಳಿಗ್ಗೆ ಬಿಸಿಲು ಎಲ್ಲಿ ಬೀಳುತ್ತಿತ್ತು? ಅದರಿಂದ ದಿಕ್ಕು ಗೊತ್ತಾಗುತ್ತದೆ. ನಿಮ್ಮ ಸ್ವಂತ ನೆನಪಿನ ಅಳತೆಯನ್ನು ಮಾತ್ರ ಪೂರ್ತಿ ನಂಬಬೇಡಿ. ಏಳು ವರ್ಷದ ಹುಡುಗನಿಗೆ ಎಲ್ಲವೂ ದೊಡ್ಡದಾಗಿಯೇ ಕಂಡಿರುತ್ತದೆ.

ಇನ್ನು ದಾಖಲೆ. ಆ ಕಾಲದ ಭೂಸ್ವಾಧೀನ 1894ರ ಕಾಯ್ದೆಯಡಿ ನಡೆದದ್ದು. ಆ ಕಾಯ್ದೆ ಬೆಲೆ ಕಟ್ಟಿ ಹಣ ಕೊಡುವ ಮಾತನ್ನಷ್ಟೇ ಆಡುತ್ತಿತ್ತು. ಮರುವಸತಿ ಅನ್ನುವುದು ಕೇಂದ್ರದ ಭೂಸ್ವಾಧೀನ ಕಾಯ್ದೆಯ ಒಳಗೆ ಬಂದದ್ದು 2013ರಲ್ಲಿ. ಬೆಲೆ ಕಟ್ಟಬೇಕಲ್ಲ, ಅದಕ್ಕಾಗಿ ಮನೆಯ ಅಳತೆ, ಬಾವಿ, ಮರಗಳ ಎಣಿಕೆ ಮಾಡುತ್ತಿದ್ದರು. ಕಡತ ಉಳಿದಿದ್ದರೆ ಅವಾರ್ಡ್, ಅಂದರೆ ಪರಿಹಾರದ ಆದೇಶ, ಅದರ ನಕಲಿನ ಜೊತೆ ಆ ಎಣಿಕೆಯೂ ಇರುತ್ತದೆ. ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿ ಕೈಬರಹದ ಪಹಣಿ ಕೇಳಿ. ಭೂಮಾಪನ ಕಚೇರಿಯಲ್ಲಿ ಗ್ರಾಮನಕ್ಷೆ, ಟಿಪ್ಪಣಿ (ಜಮೀನಿನ ಅಳತೆಯ ನಕ್ಷೆ) ಕೇಳಿ. ಸಿಗದಿದ್ದರೆ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ. ಸರ್ವೆ ನಂಬರ್ ಗೊತ್ತಿದ್ದರೆ ಅರ್ಧ ಕೆಲಸ ಆದಂತೆ.

ಮನೆಯಲ್ಲೇ ಕೂತು ನೋಡುವಂಥದ್ದೂ ಇದೆ. 1961ರ ಜನಗಣತಿಯ ಶಿವಮೊಗ್ಗ ಜಿಲ್ಲಾ ಕೈಪಿಡಿಯಲ್ಲಿ ಹಳ್ಳಿಗಳ ಪಟ್ಟಿ ಇದೆ. ನೀರು ನಿಲ್ಲುವ ಮೂರು ವರ್ಷ ಮುಂಚಿನದು. ಅಮೆರಿಕದ ಸೇನೆ 1950ರ ದಶಕದಲ್ಲಿ ಮುದ್ರಿಸಿದ ಭಾರತದ ನಕ್ಷೆಗಳೂ ಇವೆ, 1:2,50,000 ಅಳತೆಯವು. ಟೆಕ್ಸಾಸ್ ವಿಶ್ವವಿದ್ಯಾಲಯದ ಗ್ರಂಥಾಲಯ ಅವನ್ನು ಇಂಟರ್ನೆಟ್‌ನಲ್ಲಿ ಹಾಕಿದೆ, ದುಡ್ಡಿಲ್ಲ. ಲಿಂಗನಮಕ್ಕಿ ಅಲ್ಲಿ ಇನ್ನೂ ಕಟ್ಟಿಲ್ಲ. ಹೊಳೆ ಹೊಳೆಯಾಗಿಯೇ ಹರಿಯುತ್ತದೆ. ನಾನು ಮೊದಲ ಸಲ ನೋಡಿದಾಗ ತುಂಬ ಹೊತ್ತು ಸುಮ್ನೆ ಕೂತಿದ್ದೆ.

ಮೂರನೇ ತಲೆಮಾರು

ನಾನು ಹುಟ್ಟಿದ್ದು 1994ರಲ್ಲಿ. ಮುಳುಗಿದ ಮನೆಯನ್ನು ನೋಡಿಯೇ ಇಲ್ಲ. ಆದರೂ ಅದರ ಅಟ್ಟದಲ್ಲಿ ಏನಿತ್ತು ಅಂತ ಹೇಳಬಲ್ಲೆ. ಅಜ್ಜ ಅಷ್ಟು ಸಲ ಹೇಳಿದ್ದಾರೆ. ಚಿಕ್ಕವನಿದ್ದಾಗ ಅದು ನಮ್ಮ ನಿಜವಾದ ಮನೆ, ಈಗ ಇರುವುದು ಸ್ವಲ್ಪ ದಿನದ್ದು ಅಂದುಕೊಂಡಿದ್ದೆ. ಅಜ್ಜ ಇಲ್ಲಿ ತೆಂಗಿನ ಸಸಿ ನೆಡಲಿಲ್ಲ. "ಕಾಗದ ಆಗಲಿ, ನೆಡೋಣ" ಅನ್ನುತ್ತಿದ್ದರು. ಕಾಗದ ಆಗಲಿಲ್ಲ. ಅಜ್ಜ ಹೋದರು.

ನಮಗೆ ಕೊಟ್ಟದ್ದು ಕಾಡಿನ ಜಾಗ. ಹಕ್ಕುಪತ್ರ ಆಗುವ ಮೊದಲೇ 1980ರ ಅರಣ್ಯ ಸಂರಕ್ಷಣೆ ಕಾಯ್ದೆ ಬಂತು. ಆಮೇಲೆ ಕಾಡಿನ ಜಾಗವನ್ನು ಬೇರೆ ಕೆಲಸಕ್ಕೆ ಕೊಡಲು ಕೇಂದ್ರದ ಒಪ್ಪಿಗೆ ಬೇಕಾಯಿತು. ಹೀಗೆ ಸಿಕ್ಕಿಹಾಕಿಕೊಂಡ ಕುಟುಂಬಗಳು ಶಿವಮೊಗ್ಗ ಜಿಲ್ಲೆಯಲ್ಲಿ ಬಹಳ ಇವೆ. ಕಾಗದ ಇಲ್ಲದ ಜಮೀನಿಗೆ ಸಾಲ ಸಿಗುವುದಿಲ್ಲ. ಮಾರುವ ಹಾಗಿಲ್ಲ. ಅಜ್ಜ ಒಂದು ಮನೆ ಕಳೆದುಕೊಂಡರು. ನಾವು ಇನ್ನೂ ಒಂದು ಮನೆ ಪಡೆದುಕೊಂಡಿಲ್ಲ. ನೇರಮಾತು ಸರ್, ನಮ್ಮಂಥವರಿಗೆ ಅದು ಹಳೆಯ ನೆನಪಲ್ಲ. ಮುಗಿಯದೇ ಇರುವ ಕೆಲಸ.

ಹೋದ ವರ್ಷ ನಾನೇ ತೆಂಗಿನ ಸಸಿ ನೆಟ್ಟೆ.

ಕಡಲದಂಡೆ

ಕಾರವಾರ-ಅಂಕೋಲಾ ನಡುವಿನ ಊರು ನಮ್ಮದು. ನೌಕಾನೆಲೆಗೆ 1986ರಲ್ಲಿ ಶಂಕುಸ್ಥಾಪನೆ ಆಯಿತು, ಆಮೇಲೆ ಊರು ತೆರವಾಯಿತು. ನಮ್ಮ ಜಾಗ ನೀರಿನಲ್ಲಿಲ್ಲ. ಗೋಡೆಯ ಆಚೆ ಇದೆ. ಬಸ್ಸಿನಲ್ಲಿ ಹೋಗುವಾಗ ನಮ್ಮ ಗುಡ್ಡ ಕಾಣುತ್ತದೆ. ನನ್ನ ಅಪ್ಪ ಮೀನುಗಾರ. ಹೊಸ ಮನೆಯಲ್ಲಿ ಬೆಳಗಿನ ಜಾವ ಎದ್ದು ಅಂಗಳಕ್ಕೆ ಬಂದು ಗಾಳಿ ಯಾವ ಕಡೆಯಿಂದ ಬೀಸುತ್ತಿದೆ ಅಂತ ನೋಡುತ್ತಿದ್ದರು. ಕಡಲಿಗೆ ಹೋಗುವುದು ನಿಂತ ಮೇಲೂ ನೋಡುತ್ತಿದ್ದರು. ಇದಕ್ಕಿಂತ ಹೆಚ್ಚು ಬರೆಯಲು ನನಗೆ ಆಗುವುದಿಲ್ಲ.

ದಣಪೆ

ಎಲ್ಲ ಓದಿದೆ. ಒಂದು ಮಾತು ಹೇಳಲೇಬೇಕು. ಇಲ್ಲಿ ಎಲ್ಲರೂ ಅಪ್ಪನ ಮನೆ, ಅಜ್ಜನ ಮನೆ ಅಂತ ಬರೆಯುತ್ತಿದ್ದೀರಿ. ಪರಿಹಾರದ ಕಾಗದದಲ್ಲೂ ಅವರದ್ದೇ ಹೆಸರು. ಆ ಮನೆಗೆ ಬಂದ ಹೆಂಗಸು ಅದಕ್ಕೂ ಮೊದಲು ಇನ್ನೊಂದು ಮನೆ ಬಿಟ್ಟು ಬಂದಿರುತ್ತಾಳೆ ಅಲ್ವಾ?

ನನ್ನ ಅಮ್ಮನ ತವರೂ ಮುಳುಗಡೆಯೇ. ಹೊಳೆ ದಾಟಿದರೆ ತವರು, ಅಷ್ಟು ಹತ್ತಿರ ಕೊಟ್ಟಿದ್ದರು. ನೀರು ಬಂದಾಗ ಅಪ್ಪನ ಮನೆಯವರು ಒಂದು ದಿಕ್ಕಿಗೆ ಹೋದರು. ಮಾವಂದಿರು ಇನ್ನೊಂದು ತಾಲ್ಲೂಕಿಗೆ. ಬಾಣಂತನಕ್ಕೆ ಹೋಗಲು ಜಾಗವಿಲ್ಲ. ಗೌರಿ ಹಬ್ಬಕ್ಕೆ ಕರೆಯಲು ಯಾರೂ ಬರಲಿಲ್ಲ, ಬರಲು ದಾರಿಯೇ ದೂರವಾಗಿತ್ತು. ಅಪ್ಪ ಮನೆ ಕಳೆದುಕೊಂಡ ಕಥೆಯನ್ನು ಬಂದವರಿಗೆಲ್ಲ ಹೇಳುತ್ತಿದ್ದರು. ಅಮ್ಮ ಒಳಗೆ ಕಾಫಿ ಮಾಡುತ್ತಿದ್ದಳು. ಅವಳ ಕಥೆಯನ್ನು ಯಾರೂ ಕೇಳಲಿಲ್ಲ. ನಾನೂ ಕೇಳಲಿಲ್ಲ. ಈಗ ಅವಳಿಲ್ಲ.

ಬಿಳಿ ಕೊಡೆ ಅಕ್ಕ ಮೊದಲೇ ಕೇಳಿದ್ದರು, ಯಾವ ಮನೆ ಅಂತ. ಅಣ್ಣಾ, ದಯವಿಟ್ಟು ಕೇಳಿ.

ಹಿನ್ನೀರ ದಂಡೆ

ಎರಡು ವಾರದ ಮೇಲೆ ಬರೆಯುತ್ತಿದ್ದೇನೆ. ಡಾಕ್ಟರ್ ಪರೀಕ್ಷೆ ಮಾಡಿಸಿದರು. ಬಿ12 ಕಡಿಮೆ ಇತ್ತು, ಇಂಜೆಕ್ಷನ್ ಶುರು ಮಾಡಿದ್ದಾರೆ. ಮರೆವು ವಯಸ್ಸಿನದ್ದೂ ಹೌದು ಅಂದರು.

ಸರಪಳಿಯವರು ಹೇಳಿದಂತೆ ನಕ್ಷೆ ಬರೆದೆ. ಚಾರ್ಟ್ ಹಾಳೆ ತಂದು ಮೂರು ದಿನ ಕೂತೆ. ಅಂಗಳ, ತುಳಸಿಕಟ್ಟೆ, ಜಗಲಿ, ಪಡಸಾಲೆ, ನಡುಮನೆ, ದೇವರ ಕೋಣೆ, ಬಚ್ಚಲು, ಕೊಟ್ಟಿಗೆ. ಅಕ್ಕನಿಗೆ ಫೋನ್ ಮಾಡಿ ಕೇಳಿದೆ. ಇಬ್ಬರಿಗೂ ಕೊಟ್ಟಿಗೆಯ ಜಾಗದ ಮೇಲೆ ಜಗಳವಾಯಿತು. ಕೊನೆಗೆ ಅವಳೇ ಸರಿ. ನಕ್ಷೆ ಚೆನ್ನಾಗಿ ಬಂತು. ಖುಷಿಯಲ್ಲಿ ಸಂಜೆ ಅಮ್ಮನ ಮುಂದೆ ಹರಡಿದೆ.

ಅಮ್ಮ ತುಂಬ ಹೊತ್ತು ನೋಡಿದಳು. ಬಚ್ಚಲ ಮೇಲೆ ಬೆರಳಿಟ್ಟು "ಇಲ್ಲಿ ಹಂಡೆ" ಅಂದಳು. ಎಲ್ಲ ಗುರುತು ಹಿಡಿದಳು. ಆಮೇಲೆ ಹಾಳೆಯನ್ನು ನನ್ನ ಕಡೆ ಸರಿಸಿ ಹೇಳಿದಳು:

"ಇದು ನಿಮ್ಮನೆ. ನಮ್ಮನೆ ಎಲ್ಲಿ?"

ದಣಪೆ ತಂಗಿ, ನಿಮ್ಮ ಮಾತು ಆ ಹೊತ್ತಿಗೆ ನೆನಪಾಯಿತು. ನನ್ನ ಕೈ ನಡುಗಿತು. "ನಿಮ್ಮನೆ ಹೇಗಿತ್ತಮ್ಮ?" ಅಂತ ಕೇಳಿದೆ. 68 ವರ್ಷದಲ್ಲಿ ಮೊದಲ ಸಲ ಕೇಳಿದ್ದು.

ನನಗೆ ಗೊತ್ತಿದ್ದ ಅಜ್ಜನ ಮನೆ ಗುಡ್ಡದ ಮೇಲಿತ್ತು. ಅದೂ 1964ರಲ್ಲೇ ಹೋಯಿತು. ಅದೇ ಅವಳು ಹುಟ್ಟಿದ ಮನೆ ಅಂತ ತಿಳಿದಿದ್ದೆ. ಅಲ್ಲ. ಅವಳು ಹುಟ್ಟಿದ್ದು ಇನ್ನೂ ಕೆಳಗೆ, ಹೊಳೆಗೆ ಹತ್ತಿರ. ಅವಳಿಗೆ ಒಂಬತ್ತೋ ಹತ್ತೋ ವರ್ಷವಾದಾಗ ಆ ಮನೆ ಮಡೆನೂರು ಡ್ಯಾಮಿನ ನೀರಿಗೆ ಹೋಯಿತು. ಆಮೇಲೆ ಅಜ್ಜ ಮೇಲೆ ಬಂದು ಮನೆ ಕಟ್ಟಿದರು. "ಇನ್ನು ಇಲ್ಲಿಗೆ ನೀರು ಬರಲ್ಲ" ಅಂತ ಅಜ್ಜ ಹೇಳಿದ್ದರಂತೆ. ಅದನ್ನು ಅವಳು ಎರಡು ಸಲ ಹೇಳಿದಳು.

ಅಂದರೆ ಅಮ್ಮ ಕಳೆದುಕೊಂಡದ್ದು ಒಂದು ಮನೆಯಲ್ಲ. ಹುಟ್ಟಿದ ಮನೆ, ತವರು, ಸೇರಿದ ಮನೆ, ಮೂರು. ನಾನು ಒಂದಕ್ಕೇ ಜೀವಮಾನವೆಲ್ಲ ನೊಂದುಕೊಂಡೆ, ಅದನ್ನೇ ಅವಳ ದುಃಖ ಅಂದುಕೊಂಡೆ.

ಸೋಗೆಮನೆ

ಇದು ಸರಿಯೇ. ಜೋಗದ ವಿದ್ಯುದಾಗಾರ 1948ರಲ್ಲಿ ಶುರುವಾಯಿತು. ಅದಕ್ಕೆ ನೀರು ಹಿಡಿದಿಡಲು ಕಟ್ಟಿದ್ದೇ ಹಿರೇಭಾಸ್ಕರ. ಹದಿನಾರು ವರ್ಷಕ್ಕೆ ಲಿಂಗನಮಕ್ಕಿಯ ನೀರು ಆ ಅಣೆಕಟ್ಟನ್ನೇ ಮುಳುಗಿಸಿತು. ಹೀಗೆ ಎರಡು ಸಲ ಮನೆ ಬಿಟ್ಟು ಎದ್ದವರು ನಮ್ಮ ಕಡೆಯೂ ಇದ್ದರು. ಎಲ್ಲರೂ ದೊಡ್ಡ ಮುಳುಗಡೆಯ ಮಾತಾಡುತ್ತಾರೆ, ಮೊದಲನೆಯದನ್ನು ಕಂಡವರು ಈಗ ಬೆರಳೆಣಿಕೆ. ನಿಮ್ಮ ಅಮ್ಮ ಹೇಳುವುದನ್ನು ಒಂದೂ ಬಿಡದೆ ಬರೆದುಕೊಳ್ಳಿ.

ಸರಪಳಿ

ಹಾಗಾದರೆ ನಾನು ಹೇಳಿದ 1961ರ ಕೈಪಿಡಿಯಿಂದ ಈ ಮನೆಗೆ ಪ್ರಯೋಜನವಿಲ್ಲ. 1940ಕ್ಕೂ ಮೊದಲಿನ ನಕ್ಷೆ ಬೇಕು. ಸರ್ವೆ ಆಫ್ ಇಂಡಿಯಾದ ಹಳೆಯ ಹಾಳೆಗಳು, ಒಂದಿಂಚಿಗೆ ಒಂದು ಮೈಲಿಯವು. ನನ್ನ ಹಳೆಯ ಸಹೋದ್ಯೋಗಿಗಳನ್ನು ಕೇಳುತ್ತೇನೆ. ಅಮ್ಮನ ಮಾತನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ. ಅವರು ಹೇಳಿದ ಶಬ್ದವನ್ನು ಹಾಗೇ ಇರಲು ಬಿಡಿ, ತಿದ್ದಬೇಡಿ.

ನೇರಮಾತು

ನಾನು ಮೊದಲು ಬರೆದದ್ದನ್ನು ಅಳಿಸುವುದಿಲ್ಲ, ನನ್ನ ಮಟ್ಟಿಗೆ ಅದು ನಿಜ. ಆದರೆ ಟಿವಿ ಹಾಕಿ ಅಂದದ್ದು ತಪ್ಪು. ನಿನ್ನೆ ನಮ್ಮ ದೊಡ್ಡಮ್ಮನಿಗೆ ಫೋನ್ ಮಾಡಿ ನಮ್ಮ ಹಳೆಯ ಮನೆಯ ನಡುಮನೆಗೆ ಎಷ್ಟು ಕಂಬ ಇತ್ತು ಅಂತ ಕೇಳಿದೆ. ಒಂದು ಗಂಟೆ ಮಾತಾಡಿದರು.

ಹಿನ್ನೀರ ದಂಡೆ

ಎರಡನೇ ಹಾಳೆ ಶುರು ಮಾಡಿದ್ದೇವೆ. ದಿನಾ ಸಂಜೆ ಅರ್ಧ ಗಂಟೆ. ನನ್ನ ಹೆಂಡತಿ ಕೇಳುತ್ತಾಳೆ, ನಾನು ಬರೆಯುತ್ತೇನೆ. ಅವಳು ಕೇಳಿದರೆ ಅಮ್ಮ ಜಾಸ್ತಿ ಹೇಳುತ್ತಾಳೆ. ಸೋಗೆಯ ಮಾಡು. ಒಂದೇ ಬಾಗಿಲು. ಗೋಡೆಗೆ ಕೆಮ್ಮಣ್ಣು. ಹಿತ್ತಿಲಲ್ಲಿ ಬಾವಿ, ಪಕ್ಕದಲ್ಲಿ ರಂಜದ ಮರ. ಬೆಳಿಗ್ಗೆ ಕೊಡಪಾನ ಇಳಿಸುವ ಮೊದಲು ನೀರಿನ ಮೇಲೆ ಬಿದ್ದ ಹೂವನ್ನು ಸರಿಸಬೇಕಂತೆ. ಅದನ್ನು ಹೇಳುವಾಗ ಗಾಳಿಯಲ್ಲಿ ಕೈಯಾಡಿಸಿದಳು, ಹೂವು ಸರಿಸುವ ಹಾಗೆ.

ಸೋಗೆಮನೆ

ಬಾವಿಗೆ ಒಂದು ಕಡೆ ಮಾತ್ರ ಕಲ್ಲಿನ ಕಟ್ಟೆ ಇತ್ತಾ? ಕೇಳಿ ನೋಡಿ. ನನ್ನ ಅಜ್ಜಿ ಹೊಳೆಬದಿಯ ಒಂದು ರಂಜದ ಬಾವಿಯ ಮಾತು ಹೇಳುತ್ತಿದ್ದಳು. ಹೊರೆ ಹೊತ್ತು ಬರುವವರು ಅಲ್ಲಿ ನಿಂತು ನೀರು ಕುಡಿಯುತ್ತಿದ್ದರಂತೆ. ಆ ಮನೆಯ ಹುಡುಗಿಯೊಬ್ಬಳು ಹೂವು ಪೋಣಿಸಿ ಕೊಡುತ್ತಿದ್ದಳಂತೆ.

ಹಿನ್ನೀರ ದಂಡೆ

ಕೇಳಿದೆ. ಒಂದು ಕಡೆ ಮಾತ್ರ ಕಟ್ಟೆ. ಇನ್ನೊಂದು ಕಡೆ ಅಡಿಕೆ ದಬ್ಬೆ ಅಡ್ಡ ಹಾಕಿದ್ದರಂತೆ. ಹೂವು ಕೊಡುತ್ತಿದ್ದದ್ದು ಅವಳೋ, ಅವಳ ಅಕ್ಕನೋ, ಅದು ಗೊತ್ತಾಗಲಿಲ್ಲ. "ದಾರೀಲಿ ಹೋಗೋರಿಗೆ ಕೊಡ್ತಿದ್ವಿ" ಅಂದಳು.

ನಿನ್ನೆ ಸಂಜೆಯೂ ಗಂಟು ಕಟ್ಟಿದಳು. ಎರಡು ಸೀರೆ, ಒಂದು ಟವೆಲ್. ಎರಡನೇ ಹಾಳೆಯನ್ನು ನಾಲ್ಕು ಮಡಿಕೆ ಮಾಡಿ ನಡುವೆ ಇಟ್ಟುಕೊಂಡಳು. ಬಾವಿಯ ಹತ್ತಿರ ಇನ್ನೂ ಬರೆಯುವುದಿತ್ತು. ಬೆಳಿಗ್ಗೆ ಕೇಳಿ ತೆಗೆದುಕೊಳ್ಳಬೇಕು.